ಜರ್ಮನಿಯ ಕ್ರಿಸ್‌ಮಸ್ ಹಣ್ಣಿನ ಬ್ರೆಡ್ ಶ್ಟೊಲೆನ್: ಪದೇ ಪದೇ ಕೇಳುವ ಪ್ರಶ್ನೆಗಳು

ಶ್ಟೊಲೆನ್ ಮಾಡುವುದು ಕಷ್ಟವಲ್ಲ, ಆದರೆ ಕೇಕಿನ ಹದ ಮನಸ್ಸಿನಲ್ಲಿಟ್ಟುಕೊಂಡು ಮಾಡಲು ಹೋದರೆ ಕೆಡುತ್ತದೆ. ಇದು ನೀರು ತೀರಾ ಕಡಿಮೆ, ಬೆಣ್ಣೆ ಮತ್ತು ಒಣಹಣ್ಣು ತೀರಾ ಹೆಚ್ಚು ಇರುವ ಈಸ್ಟ್ ಬ್ರೆಡ್. ಒಣದ್ರಾಕ್ಷಿಯನ್ನು ಯಾಕೆ ನೆನೆಸಬೇಕು, ಬೆಂದ ಮೇಲೆ ಯಾಕೆ ತುಪ್ಪ ಸವರಬೇಕು, ಯಾಕೆ ವಾರಗಟ್ಟಲೆ ಕಾಯಬೇಕು ಎಂಬ ಪ್ರಶ್ನೆಗಳೆಲ್ಲ ಸುತ್ತಿ ಬಂದು ನಿಲ್ಲುವುದು ಒಂದೇ ಕಡೆ: ಇರುವ ಆ ಸ್ವಲ್ಪ ತೇವ ಎಲ್ಲಿಂದ ಎಲ್ಲಿಗೆ ಹೋಗುತ್ತದೆ ಎಂಬಲ್ಲಿ. ಕೆಳಗಿನ ಉತ್ತರಗಳನ್ನು ಓದುವಾಗ ಇದು ನೆನಪಿರಲಿ.

ಶ್ಟೊಲೆನ್ ಕೇಕೋ, ಬ್ರೆಡ್ಡೋ?

ಬ್ರೆಡ್. ಕೇಕಿನಂತೆ ಮೊಟ್ಟೆ ಮತ್ತು ಸಕ್ಕರೆಯನ್ನು ನೊರೆ ಬರಿಸಿ ಹಗುರ ಮಾಡುವ ಕೆಲಸ ಇದರಲ್ಲಿಲ್ಲ. ಮೈದಾ, ಹಾಲು, ಈಸ್ಟ್, ಬೆಣ್ಣೆ ಸೇರಿಸಿ ನಾದಿ, ಕೊನೆಯಲ್ಲಿ ಒಣದ್ರಾಕ್ಷಿ, ಸಕ್ಕರೆ ಪಾಕದಲ್ಲಿ ಕುದಿಸಿದ ಹಣ್ಣಿನ ಸಿಪ್ಪೆ ಮತ್ತು ಬಾದಾಮಿ ಬೆರೆಸಿ, ಉದ್ದನೆಯ ದಿಂಡಿನಂತೆ ಮಡಚಿ ಬೇಯಿಸುತ್ತಾರೆ. ಮೇಲೆ ದಪ್ಪಗೆ ಬಿಳಿ ಸಕ್ಕರೆ. ಬಟ್ಟೆಯಲ್ಲಿ ಸುತ್ತಿದ ಬಾಲಯೇಸುವನ್ನು ಆ ಆಕಾರ ನೆನಪಿಸುತ್ತದೆ ಎಂದು ಜರ್ಮನ್ನರು ಹೇಳುತ್ತಾರೆ. ಅದಕ್ಕೇ ಕ್ರಿಸ್ಟ್‌ಶ್ಟೊಲೆನ್ ಎಂಬ ಹೆಸರೂ ಇದೆ.

ಚೆನ್ನಾಗಿ ಬಂದ ಶ್ಟೊಲೆನ್‌ನ ಹೋಳನ್ನು ಬೆಳಕಿಗೆ ಹಿಡಿದು ನೋಡಿ. ಒಳಭಾಗ ತಿಳಿ ಹಳದಿ, ಒತ್ತೊತ್ತಾಗಿ, ಸ್ವಲ್ಪ ಪುಡಿಪುಡಿಯಾಗಿ, ಆದರೆ ಒಣಗದೆ ಇರುತ್ತದೆ. ದ್ರಾಕ್ಷಿ ಉಬ್ಬಿಕೊಂಡು ಹೊಳೆಯುತ್ತದೆ, ಸಿಪ್ಪೆಯ ತುಂಡುಗಳು ಅರೆಪಾರದರ್ಶಕವಾಗಿ ಕಾಣುತ್ತವೆ. ಬನ್ನಿನಂತೆ ದೊಡ್ಡ ದೊಡ್ಡ ಗಾಳಿತೂತು ಕಂಡರೆ ಬೆಣ್ಣೆ ಕಡಿಮೆಯಾಗಿದೆ ಅಥವಾ ಹಿಟ್ಟು ಅತಿಯಾಗಿ ಉಬ್ಬಿದೆ ಎಂದರ್ಥ.

ಹೆಸರನ್ನು ಹೇಗೆ ಉಚ್ಚರಿಸಬೇಕು?

ಶ್ಟೊಲೆನ್. ಇಂಗ್ಲಿಷ್ ಬಲ್ಲವರು ಸ್ಟೋಲನ್ ಎಂದು ಓದುವುದುಂಟು, ಅದು ಸರಿಯಲ್ಲ. ಜರ್ಮನ್‌ನಲ್ಲಿ ಈ ಪದಕ್ಕೆ ಕಂಬ, ಆಧಾರದ ತೊಲೆ ಎಂಬ ಹಳೆಯ ಅರ್ಥವಿದೆ. ಗಣಿಯ ಸುರಂಗಕ್ಕೂ ಇದೇ ಪದ. ಸ್ಯಾಕ್ಸನಿ ಪ್ರಾಂತ್ಯದ ಡ್ರೆಸ್ಡೆನ್ ನಗರದ ಸೀಮೆಯಲ್ಲಿ ಶ್ಟ್ರೀಟ್ಸೆಲ್ ಎಂದೂ ಕರೆಯುತ್ತಾರೆ. 1434ರಲ್ಲಿ ಶುರುವಾದ ಅಲ್ಲಿನ ಕ್ರಿಸ್‌ಮಸ್ ಸಂತೆಗೆ ಶ್ಟ್ರೀಟ್ಸೆಲ್‌ಮಾರ್ಕ್ಟ್ ಎಂಬ ಹೆಸರು ಬಂದಿದ್ದು ಇದರಿಂದಲೇ.

ಮೊದಲಿನಿಂದಲೂ ಇಷ್ಟೊಂದು ಬೆಣ್ಣೆ ಹಾಕುತ್ತಿದ್ದರೇ?

ಇಲ್ಲ. 1329ರಲ್ಲಿ ನೌಂಬುರ್ಗ್‌ನ ಬಿಷಪ್ ಅಲ್ಲಿನ ಬ್ರೆಡ್ ಮಾಡುವವರ ಸಂಘಕ್ಕೆ ಕೊಟ್ಟ ಹಕ್ಕುಪತ್ರದಲ್ಲಿ ಶ್ಟೊಲೆನ್ ಎಂಬ ಉದ್ದನೆಯ ಗೋಧಿ ಬ್ರೆಡ್ಡಿನ ಉಲ್ಲೇಖವಿದೆ. ಡ್ರೆಸ್ಡೆನ್‌ನಲ್ಲಿ ಇದರ ಹೆಸರು ಮೊದಲು ಸಿಗುವುದು 1474ರಲ್ಲಿ, ಸಂತ ಬಾರ್ತೊಲೊಮೇಯುಸ್ ಆಸ್ಪತ್ರೆಯ ಲೆಕ್ಕಪತ್ರದಲ್ಲಿ. ಆಗಿನದು ಉಪವಾಸದ ತಿನಿಸು. ಕ್ರಿಸ್‌ಮಸ್‌ಗೆ ಮುಂಚಿನ ಆಗಮನ ಕಾಲದಲ್ಲಿ ಬೆಣ್ಣೆ, ಹಾಲು ನಿಷಿದ್ಧ. ಹಿಟ್ಟು, ನೀರು, ಈಸ್ಟ್, ಎಣ್ಣೆ ಇಷ್ಟರಲ್ಲೇ ಮುಗಿಯುತ್ತಿತ್ತು, ರುಚಿಯೂ ಅಷ್ಟಕ್ಕಷ್ಟೆ. ಬೆಣ್ಣೆಗೆ ಅನುಮತಿ ಬೇಕೆಂದು ಸ್ಯಾಕ್ಸನಿಯ ಅರಸರು ರೋಮ್‌ಗೆ ಬರೆದರು. 1491ರಲ್ಲಿ ಪೋಪ್ ಎಂಟನೇ ಇನೊಸೆಂಟ್ ಒಪ್ಪಿಗೆ ಕೊಟ್ಟರು. ಆ ಪತ್ರವನ್ನು ಜರ್ಮನ್ನರು ಇವತ್ತಿಗೂ ಬೆಣ್ಣೆ ಪತ್ರ ಎಂದೇ ಕರೆಯುತ್ತಾರೆ. ಮೈದಾದ ಅರ್ಧದಷ್ಟು ತೂಕದ ಬೆಣ್ಣೆ ಹಾಕುವ ಈಗಿನ ಶ್ಟೊಲೆನ್‌ಗೆ ದಾರಿ ತೆರೆದದ್ದು ಆ ಪತ್ರ.

1730ರಲ್ಲಿ ಸ್ಯಾಕ್ಸನಿಯ ದೊರೆ ಬಲಿಷ್ಠ ಆಗಸ್ಟಸ್ ಟ್ಸೈಟ್‌ಹೈನ್ ಎಂಬಲ್ಲಿ ನಡೆಸಿದ ಸೇನಾ ಮೇಳಕ್ಕೆ ಸುಮಾರು 1.8 ಟನ್ ತೂಕದ ಶ್ಟೊಲೆನ್ ಮಾಡಿಸಿದ. ಅದಕ್ಕೆಂದೇ ಒಲೆ ಕಟ್ಟಿಸಿದ್ದ, ಕತ್ತರಿಸಲು ಆಳೆತ್ತರದ ಚಾಕುವನ್ನೂ ಮಾಡಿಸಿದ್ದ. ಅದರ ನೆನಪಿಗೆ 1994ರಿಂದ ಡ್ರೆಸ್ಡೆನ್‌ನಲ್ಲಿ ಪ್ರತಿ ವರ್ಷ, ಎರಡನೇ ಆಗಮನ ಭಾನುವಾರದ ಹಿಂದಿನ ಶನಿವಾರ, ದೊಡ್ಡ ಶ್ಟೊಲೆನ್‌ನ ಮೆರವಣಿಗೆ ನಡೆಯುತ್ತದೆ.

ಮನೆಯಲ್ಲಿ ಮಾಡಿದ್ದನ್ನು ‘ಡ್ರೆಸ್ಡೆನ್ ಶ್ಟೊಲೆನ್’ ಎನ್ನಬಹುದೇ?

ಮನೆಮಂದಿಯ ನಡುವೆ ಏನು ಕರೆದರೂ ಸರಿ. ಮಾರಾಟಕ್ಕೆ ಮಾತ್ರ ಆ ಹೆಸರು ಸಲ್ಲದು. 2010ರಿಂದ ಅದಕ್ಕೆ ಐರೋಪ್ಯ ಒಕ್ಕೂಟದ ಭೌಗೋಳಿಕ ಮಾನ್ಯತೆ ಇದೆ. ಮೈಸೂರು ಮಲ್ಲಿಗೆಗೆ, ನಂಜನಗೂಡು ರಸಬಾಳೆಗೆ ನಮ್ಮಲ್ಲಿರುವಂಥದ್ದೇ ರಕ್ಷಣೆ ಅದು. ಡ್ರೆಸ್ಡೆನ್ ಮತ್ತು ಅದರ ಸುತ್ತಮುತ್ತ ನಿಯಮದ ಪ್ರಕಾರ ಮಾಡಿದ್ದಕ್ಕೆ ಮಾತ್ರ ಆ ಹೆಸರು, ಕುದುರೆಯೇರಿದ ಆಗಸ್ಟಸ್‌ನ ಚಿತ್ರವಿರುವ ಮುದ್ರೆ ಮತ್ತು ಸಂಖ್ಯೆ ಸಿಗುತ್ತವೆ.

ನಿಯಮದ ಅಳತೆ ಮನೆಯಲ್ಲಿ ಮಾಡುವವರಿಗೂ ಒಳ್ಳೆಯ ಕೈಮರ. 100 ಭಾಗ ಮೈದಾಗೆ ಕನಿಷ್ಠ 50 ಭಾಗ ಬೆಣ್ಣೆ, 65 ಭಾಗ ಒಣದ್ರಾಕ್ಷಿ, 20 ಭಾಗ ಸಕ್ಕರೆ ಪಾಕದ ಸಿಪ್ಪೆ, 15 ಭಾಗ ಬಾದಾಮಿ. ಬೆಣ್ಣೆಯ ಬದಲು ಬಳಸುವ ಎಣ್ಣೆಯ ಮಾರ್ಗರೀನ್ ಕೂಡದು, ಕೃತಕ ಪರಿಮಳವೂ ಕೂಡದು. ಜರ್ಮನಿಯಲ್ಲಿ ಬರೀ ಶ್ಟೊಲೆನ್ ಎಂದು ಮಾರಲು 30 ಭಾಗ ಕೊಬ್ಬು, 60 ಭಾಗ ಒಣಹಣ್ಣು ಸಾಕು. ಅಗ್ಗದ ಶ್ಟೊಲೆನ್ ಒಣಒಣ ಎನ್ನಿಸುವುದು ಹೆಚ್ಚಾಗಿ ಈ ವ್ಯತ್ಯಾಸದಿಂದಲೇ.

ಸರಿಯಾದ ಅಳತೆ ಏನು?

ಇದು ಡ್ರೆಸ್ಡೆನ್ ನಿಯಮದ ಪ್ರಮಾಣವನ್ನೇ ಹಿಡಿದ ಅಳತೆ. ಸುಮಾರು 1.5 ಕಿಲೊ ಹಿಟ್ಟಾಗುತ್ತದೆ. ಅದರಲ್ಲಿ ಒಂದು ದೊಡ್ಡದು ಅಥವಾ 750 ಗ್ರಾಂನ ಎರಡು ಮಾಡಬಹುದು. ಮೊದಲ ಸಲ ಮಾಡುವವರಿಗೆ ಎರಡೇ ಒಳ್ಳೆಯದು, ಒಳಗೆ ಹಸಿ ಉಳಿಯುವ ಭಯ ಕಡಿಮೆ.

ಹಿಟ್ಟಿಗೆ: ಮೈದಾ 500 ಗ್ರಾಂ, ಹಾಲು 120 ಮಿಲಿ, ಇನ್‌ಸ್ಟಂಟ್ ಡ್ರೈ ಈಸ್ಟ್ 12 ಗ್ರಾಂ (ಹಸಿ ಈಸ್ಟ್ ಆದರೆ 40 ಗ್ರಾಂ), ಸಕ್ಕರೆ 60 ಗ್ರಾಂ, ಉಪ್ಪು 6 ಗ್ರಾಂ, ಉಪ್ಪಿಲ್ಲದ ಬೆಣ್ಣೆ 250 ಗ್ರಾಂ, ಒಂದು ದೊಡ್ಡ ನಿಂಬೆಯ ತುರಿದ ಮೇಲ್ಸಿಪ್ಪೆ, ಏಲಕ್ಕಿ ಪುಡಿ ಅರ್ಧ ಚಮಚ, ಜಾಪತ್ರೆ ಪುಡಿ ಕಾಲು ಚಮಚ, ಜಾಯಿಕಾಯಿ ಒಂದು ಚಿಟಿಕೆ, ವೆನಿಲಾ ಒಂದು ಚಮಚ.

ಹಣ್ಣಿಗೆ: ಒಣದ್ರಾಕ್ಷಿ 325 ಗ್ರಾಂ, ರಮ್ 60 ಮಿಲಿ, ಸಕ್ಕರೆ ಪಾಕದ ಕಿತ್ತಳೆ ಮತ್ತು ಮಾದಳ ಸಿಪ್ಪೆ ಒಟ್ಟು 100 ಗ್ರಾಂ, ಸಿಪ್ಪೆ ತೆಗೆದು ಒರಟಾಗಿ ಕೊಚ್ಚಿದ ಬಾದಾಮಿ 75 ಗ್ರಾಂ.

ಮೇಲಕ್ಕೆ: ಕರಗಿಸಿದ ತುಪ್ಪ 120 ಗ್ರಾಂ, ಸಣ್ಣ ಹರಳಿನ ಸಕ್ಕರೆ 60 ಗ್ರಾಂ, ಪುಡಿ ಸಕ್ಕರೆ 100 ಗ್ರಾಂ.

ಲೋಟ, ಬಟ್ಟಲುಗಳ ಅಳತೆಗೆ ಹೋಗಬೇಡಿ. ಹಾಲು 40 ಮಿಲಿ ಹೆಚ್ಚಾದರೂ ಹಿಟ್ಟು ಟ್ರೇ ಮೇಲೆ ಹರಡಿ ಕೂರುತ್ತದೆ. ತೂಕದ ತಕ್ಕಡಿ ಇಲ್ಲದೆ ಶ್ಟೊಲೆನ್‌ಗೆ ಕೈಹಾಕದಿರುವುದೇ ಮೇಲು.

120 ಮಿಲಿ ಹಾಲು ಅರ್ಧ ಕಿಲೊ ಮೈದಾಗೆ ಸಾಲುವುದಿಲ್ಲವಲ್ಲ?

ಸಾಲುತ್ತದೆ. ಚಪಾತಿ ಹಿಟ್ಟಿಗೆ ಇಷ್ಟೇ ನೀರು ಹಾಕಿದರೆ ಪುಡಿಪುಡಿಯಾಗಿ ಉಳಿಯುತ್ತದೆ, ನಿಜ. ಇಲ್ಲಿ ಉಳಿದ ಮೃದುತ್ವವನ್ನು 250 ಗ್ರಾಂ ಬೆಣ್ಣೆ ತರುತ್ತದೆ. ಬೆಣ್ಣೆಯಲ್ಲೂ ನೂರಕ್ಕೆ 16ರಷ್ಟು ನೀರಿರುವುದರಿಂದ ಅದರ ಲೆಕ್ಕದಲ್ಲೇ 40 ಗ್ರಾಂ ನೀರು ಬಂತು. ನಾದುವ ಮೊದಲ ಮೂರು ನಿಮಿಷ ಹಿಟ್ಟು ಕೂಡುವುದೇ ಇಲ್ಲ ಎನ್ನಿಸುತ್ತದೆ. ಆಗ ಹಾಲು ಸುರಿಯಬೇಕೆಂಬ ಆಸೆ ಹುಟ್ಟುತ್ತದೆ, ಸುರಿಯಬೇಡಿ. ನಾದುತ್ತಾ ಹೋದಂತೆ ಬೆಣ್ಣೆ ಒಳಗಿಳಿದು ಹಿಟ್ಟು ಒಂದಾಗುತ್ತದೆ.

ನಮ್ಮ ಊರಿನ ಮೈದಾ ಆಗುತ್ತದೆಯೇ?

ಆಗುತ್ತದೆ. ಜರ್ಮನ್ನರು 405 ಅಥವಾ 550 ಎಂದು ಸಂಖ್ಯೆ ಹಾಕಿದ, ಮೈದಾದಂಥ ಬಿಳಿ ಹಿಟ್ಟು ಬಳಸುತ್ತಾರೆ. ಪೊಟ್ಟಣದ ಮೇಲೆ ಪ್ರೋಟೀನ್ 10ರಿಂದ 11 ಗ್ರಾಂ ಎಂದಿರುವ ಮೈದಾ ಹುಡುಕಿ. ತೀರಾ ಕಡಿಮೆಯಿದ್ದರೆ ಅಷ್ಟು ಹಣ್ಣಿನ ಭಾರವನ್ನು ಹಿಟ್ಟು ಹೊರಲಾರದು. ಗೋಧಿ ಹಿಟ್ಟು ಬೆರೆಸುವುದಾದರೆ 75 ಗ್ರಾಂ ಮೀರದಿರಲಿ. ತವುಡು ತೇವ ಹೀರುವುದರಿಂದ ಹಾಲು 10 ಮಿಲಿ ಹೆಚ್ಚು ಬೇಕಾದೀತು.

ಯಾವ ಬೆಣ್ಣೆ? ಮನೆಯಲ್ಲಿ ಕಡೆದ ಬೆಣ್ಣೆ? ತುಪ್ಪ?

ಅಂಗಡಿಯ ಉಪ್ಪಿಲ್ಲದ ಬೆಣ್ಣೆ ಎಲ್ಲಕ್ಕಿಂತ ಸುರಕ್ಷಿತ. ಹಳದಿ ಉಪ್ಪು ಬೆಣ್ಣೆ ಮಾತ್ರ ಸಿಕ್ಕರೆ ಹಿಟ್ಟಿಗೆ ಬೇರೆ ಉಪ್ಪು ಹಾಕಬೇಡಿ.

ಮನೆಯ ಬೆಣ್ಣೆಯ ಪರಿಮಳ ಶ್ಟೊಲೆನ್‌ಗೆ ಸೊಗಸಾಗಿ ಒಪ್ಪುತ್ತದೆ. ತೊಡಕು ಒಂದೇ, ಅದರಲ್ಲಿ ಮಜ್ಜಿಗೆ ಉಳಿದಿರುತ್ತದೆ. ಐಸ್ ನೀರಿನಲ್ಲಿ ಮೂರು ನಾಲ್ಕು ಸಲ ತೊಳೆದು, ನೀರು ತಿಳಿಯಾಗುವವರೆಗೆ ಹಿಚುಕಿ, ತೆಳು ಬಟ್ಟೆಯಲ್ಲಿ ಒತ್ತಿ ತೆಗೆಯಿರಿ. ಆಮೇಲೂ ಹಾಲನ್ನು 100 ಮಿಲಿಗೆ ಇಳಿಸಿ. ಮಜ್ಜಿಗೆ ಉಳಿದರೆ ವಾರಗಟ್ಟಲೆ ಇಡುವಾಗ ಹುಳಿ ವಾಸನೆ ಬರುತ್ತದೆ.

ಹಿಟ್ಟಿನೊಳಕ್ಕೆ ಬೆಣ್ಣೆಯ ಬದಲು ಪೂರ್ತಿ ತುಪ್ಪ ಹಾಕಬೇಡಿ. ತುಪ್ಪದಲ್ಲಿ ನೀರಿಲ್ಲ, ಶ್ಟೊಲೆನ್ ನಾನ್‌ಖಟಾಯಿಯಂತೆ ಉದುರುತ್ತದೆ. ಕಾಲು ಭಾಗದವರೆಗೆ ಹಾಕಬಹುದು. ಬೆಂದ ಮೇಲೆ ಸವರಲು ಮಾತ್ರ ತುಪ್ಪಕ್ಕಿಂತ ಒಳ್ಳೆಯದು ಇನ್ನೊಂದಿಲ್ಲ. ಜರ್ಮನ್ನರು ಆ ಕೆಲಸಕ್ಕೆ ಬಳಸುವ ಬುಟ್ಟರ್‌ಶ್ಮಾಲ್ಟ್ಸ್ ಎಂಬುದೂ ಕಾಯಿಸಿ ಸೋಸಿದ ಬೆಣ್ಣೆಯೇ.

ಒಣದ್ರಾಕ್ಷಿ ಯಾವುದು ಒಳ್ಳೆಯದು? ಎಷ್ಟು ಹೊತ್ತು ನೆನೆಯಬೇಕು?

ಜರ್ಮನಿಯಲ್ಲಿ ಬಳಸುವುದು ಸುಲ್ತಾನಾ, ಅಂದರೆ ಬೀಜವಿಲ್ಲದ ತಿಳಿ ಬಣ್ಣದ ದ್ರಾಕ್ಷಿ. ವಿಜಯಪುರದ ಕಡೆ ಒಣಗಿಸುವ ಥಾಮ್ಸನ್ ಸೀಡ್‌ಲೆಸ್ ಕೂಡ ಅದೇ ಜಾತಿಯದು, ನಿಸ್ಸಂಕೋಚವಾಗಿ ಬಳಸಿ. ತೊಟ್ಟು ಬಿಡಿಸಿ, ಬಿಸಿನೀರಿನಲ್ಲಿ ತೊಳೆದು, ಬಟ್ಟೆಯ ಮೇಲೆ ಹರಡಿ ಒರೆಸಿ. ನಂತರ ರಮ್ ಹಾಕಿ ಮುಚ್ಚಿದ ಡಬ್ಬಿಯಲ್ಲಿ 12ರಿಂದ 24 ಗಂಟೆ ಬಿಡಿ. ನಡುವೆ ಎರಡು ಸಲ ಡಬ್ಬಿಯನ್ನು ತಿರುಗಿಸಿಡಿ.

ನೆನೆಸುವುದು ಪರಿಮಳಕ್ಕಷ್ಟೇ ಅಲ್ಲ. ಒಣಗಿದ ದ್ರಾಕ್ಷಿ ಹಿಟ್ಟಿನೊಳಗೆ ಹೋದರೆ ಅಲ್ಲಿರುವ ಸ್ವಲ್ಪ ತೇವವನ್ನೂ ತಾನೇ ಕುಡಿಯುತ್ತದೆ. ನೆನೆದ ದ್ರಾಕ್ಷಿ ಮುಂದಿನ ವಾರಗಳಲ್ಲಿ ತನ್ನ ತೇವವನ್ನು ಬ್ರೆಡ್ಡಿಗೆ ಬಿಟ್ಟುಕೊಡುತ್ತದೆ. ಡಬ್ಬಿಯ ತಳದಲ್ಲಿ ರಸ ಉಳಿದಿದ್ದರೆ ಜರಡಿಯಲ್ಲಿ ಬಸಿದು ತೆಗೆಯಿರಿ. ಅದು ಹಿಟ್ಟಿಗೆ ಸೇರಕೂಡದು.

ಸಕ್ಕರೆ ಪಾಕದ ಸಿಪ್ಪೆ ಸಿಗುವುದಿಲ್ಲ. ಟುಟಿ ಫ್ರುಟಿ ಹಾಕಬಹುದೇ?

ಬೇಡ ಎನ್ನುತ್ತೇವೆ. ಟುಟಿ ಫ್ರುಟಿ ಪಪ್ಪಾಯಿ ಕಾಯಿಯಿಂದ ಮಾಡಿದ್ದು, ಅದರಲ್ಲಿ ಸಿಹಿ ಮತ್ತು ಬಣ್ಣ ಮಾತ್ರ. ಶ್ಟೊಲೆನ್‌ಗೆ ಬೇಕಾದ ಸಣ್ಣ ಕಹಿ, ಸಿಪ್ಪೆಯ ಎಣ್ಣೆಯ ಘಮ ಅದರಿಂದ ಬರುವುದಿಲ್ಲ. ಬಣ್ಣವೂ ಹಿಟ್ಟಿಗೆ ಇಳಿಯುತ್ತದೆ. ಕಿತ್ತಳೆ ಸಿಪ್ಪೆಯನ್ನು ಮನೆಯಲ್ಲೇ ಮಾಡುವುದು ಸುಲಭ.

ದಪ್ಪ ಸಿಪ್ಪೆಯ ಕಿತ್ತಳೆ ಅಥವಾ ಮೋಸಂಬಿಯ 250 ಗ್ರಾಂ ಸಿಪ್ಪೆಯನ್ನು ಬೆರಳಗಲ ಕತ್ತರಿಸಿ. ತಣ್ಣೀರಿಗೆ ಹಾಕಿ ಕುದಿ ಬರಿಸಿ, ಐದು ನಿಮಿಷ ಬಿಟ್ಟು ನೀರು ಚೆಲ್ಲಿ. ಹೀಗೆ ಮೂರು ಸಲ ಮಾಡಿದರೆ ಕಹಿ ಹದಕ್ಕೆ ಬರುತ್ತದೆ. 250 ಗ್ರಾಂ ಸಕ್ಕರೆಗೆ 200 ಮಿಲಿ ನೀರು ಹಾಕಿ ಪಾಕ ಮಾಡಿ, ಸಿಪ್ಪೆ ಸೇರಿಸಿ, ಸಣ್ಣ ಉರಿಯಲ್ಲಿ 45ರಿಂದ 60 ನಿಮಿಷ ಬೇಯಿಸಿ. ಸಿಪ್ಪೆ ಕನ್ನಡಿಯಂತೆ ಹೊಳೆದು, ಪಾಕ ಬಹುತೇಕ ಇಂಗಿದಾಗ ಇಳಿಸಿ. ತಂತಿ ಜಾಲರಿಯ ಮೇಲೆ ಒಂದು ದಿನ ಆರಲಿ. ಆಮೇಲೆ 5 ಮಿಲಿಮೀಟರ್ ಚೌಕಗಳಾಗಿ ಹೆಚ್ಚಿ.

ಜರ್ಮನ್ ಪಾಕವಿಧಾನದಲ್ಲಿ ಟ್ಸಿಟ್ರೊನಾಟ್ ಎಂದಿರುವುದು ನಮ್ಮ ಮಾದಳ ಹಣ್ಣಿನ ದಪ್ಪ ಬಿಳಿ ಸಿಪ್ಪೆಯದು. ಮಾದಳ ಸಿಕ್ಕಿದರೆ ಇದೇ ಕ್ರಮದಲ್ಲಿ ಮಾಡಿ, ಬೇಯುವ ಹೊತ್ತು ಮಾತ್ರ ಹೆಚ್ಚು. ಸಿಗದಿದ್ದರೆ ಪೂರ್ತಿ ಕಿತ್ತಳೆ ಸಿಪ್ಪೆಯೇ ಇರಲಿ. ಬೂದುಗುಂಬಳದ ಪೇಠಾ ತುಂಡು ಹಾಕಿ, ನಿಂಬೆ ಸಿಪ್ಪೆಯ ತುರಿ ಹೆಚ್ಚಿಸುವುದೂ ಒಂದು ದಾರಿ. ಇಂಥ ಬದಲಿ ಜರ್ಮನಿಗೂ ಹೊಸದಲ್ಲ. ಪೂರ್ವ ಜರ್ಮನಿಯಲ್ಲಿ ಈ ಸಿಪ್ಪೆಗಳು ಸಿಗದೇ ಹೋದ ಕಾಲದಲ್ಲಿ ಕ್ಯಾರೆಟ್ ಮತ್ತು ಹಸಿರು ಟೊಮೆಟೊವನ್ನು ಪಾಕದಲ್ಲಿ ಬೇಯಿಸಿ ಶ್ಟೊಲೆನ್‌ಗೆ ಹಾಕುತ್ತಿದ್ದರು. ಪಶ್ಚಿಮದಲ್ಲಿದ್ದ ನೆಂಟರು ಪಾರ್ಸೆಲ್‌ನಲ್ಲಿ ಒಣದ್ರಾಕ್ಷಿ, ಬಾದಾಮಿ ಕಳಿಸಿಕೊಡುತ್ತಿದ್ದರು.

ಕಹಿ ಬಾದಾಮಿ ಹಾಕಲೇಬೇಕೇ?

ಬೇಡ. ಜರ್ಮನ್ ಪಾಕವಿಧಾನಗಳಲ್ಲಿ ಪರಿಮಳಕ್ಕೆಂದು ಅದನ್ನು ಸ್ವಲ್ಪ ಸೇರಿಸುವುದುಂಟು, ಆದರೆ ಹಸಿ ಕಹಿ ಬಾದಾಮಿಯಿಂದ ಸಯನೈಡ್ ಹುಟ್ಟುತ್ತದೆ. ಮಕ್ಕಳಿಗೆ ಕೆಲವೇ ಕಾಳು ಕೂಡ ಅಪಾಯ. ಮನೆಯಲ್ಲಿ ಅದನ್ನು ತಂದಿಡುವುದೇ ಬೇಡ. ಏಪ್ರಿಕಾಟ್ ಬೀಜದೊಳಗಿನ ತಿರುಳೂ ಹಾಗೆಯೇ. ಆ ಪರಿಮಳ ಬೇಕಿದ್ದರೆ ತಿನ್ನಲು ತಯಾರಿಸಿದ ಬಾದಾಮಿ ಎಸೆನ್ಸ್ ಮೂರು ಹನಿ ಸಾಕು.

ಹಂತ ಹಂತವಾಗಿ ಹೇಳಿ.

ಹಿಂದಿನ ದಿನ ದ್ರಾಕ್ಷಿ ನೆನೆಹಾಕಿ. ಬಾದಾಮಿಯನ್ನು ಕುದಿನೀರಿನಲ್ಲಿ ಎರಡು ನಿಮಿಷ ಬಿಟ್ಟು ಸಿಪ್ಪೆ ಸುಲಿದು, ಆರಿಸಿ, ಕೊಚ್ಚಿಡಿ. ಬೆಣ್ಣೆಯನ್ನು ಫ್ರಿಜ್ಜಿನಿಂದ ಮಾಡುವ ಎರಡು ಗಂಟೆ ಮುಂಚೆ ತೆಗೆಯಿರಿ. ಬೆರಳೊತ್ತಿದರೆ ಗುಳಿ ಬೀಳಬೇಕು, ಆದರೆ ಕರಗಿ ಎಣ್ಣೆಯಾಗಿರಬಾರದು.

ಮೊದಲು ಹುದುಗಿನ ಮುದ್ದೆ. 500 ಗ್ರಾಂ ಮೈದಾದಲ್ಲಿ 150 ಗ್ರಾಂ ತೆಗೆದು, ಈಸ್ಟ್, ಒಂದು ಚಮಚ ಸಕ್ಕರೆ ಮತ್ತು ಪೂರ್ತಿ ಹಾಲನ್ನು ಸೇರಿಸಿ ಕಲಸಿ. ಹಾಲು ಬೆರಳಿಗೆ ಬಿಸಿಯೂ ಅಲ್ಲ, ತಣ್ಣಗೂ ಅಲ್ಲ ಎನ್ನುವ ಹಾಗೆ ಸುಮಾರು 35 ಡಿಗ್ರಿ ಇರಲಿ. 50 ಡಿಗ್ರಿ ದಾಟಿದರೆ ಈಸ್ಟ್ ಸಾಯುತ್ತದೆ. ಮುಚ್ಚಿ 40 ನಿಮಿಷ ಬಿಡಿ. ಎರಡರಷ್ಟು ಉಬ್ಬಿ, ನಡುವೆ ಸ್ವಲ್ಪ ಕುಸಿಯಲು ಶುರುವಾದಾಗ ಸರಿಯಾದ ಹದ. ಈ ಹಂತವನ್ನು ಬಿಡಬೇಡಿ. ಅಷ್ಟು ಕೊಬ್ಬಿನ ನಡುವೆ ಈಸ್ಟ್ ನಿಧಾನವಾಗುತ್ತದೆ, ಅದಕ್ಕೆ ಮೊದಲೇ ಬಲ ಬಂದಿರಬೇಕು.

ಉಳಿದ 350 ಗ್ರಾಂ ಮೈದಾ, ಸಕ್ಕರೆ, ಉಪ್ಪು, ಮಸಾಲೆ, ನಿಂಬೆ ತುರಿ, ಬೆಣ್ಣೆ ಎಲ್ಲವನ್ನೂ ಮುದ್ದೆಗೆ ಸೇರಿಸಿ ನಾದಿ. ನಮ್ಮ ಸಣ್ಣ ನಿಂಬೆಯಾದರೆ ಎರಡು ಬೇಕು, ಮೇಲಿನ ಬಣ್ಣದ ಪದರ ಮಾತ್ರ ತುರಿಯಿರಿ, ಬಿಳಿ ಭಾಗ ಕಹಿ. ಕೈಯಲ್ಲಿ 12 ನಿಮಿಷ, ಯಂತ್ರದಲ್ಲಿ ನಿಧಾನ ವೇಗಕ್ಕೆ ಏಳೆಂಟು ನಿಮಿಷ ನಾದಿದರೆ ಸಾಕು. ಹಿಟ್ಟು ಪಾತ್ರೆಯ ಗೋಡೆ ಬಿಟ್ಟು, ಕೈಗೆ ಅಂಟದೆ, ಒತ್ತಿದರೆ ಮಣ್ಣಿನ ಮುದ್ದೆಯಂತೆ ಗುರುತು ಉಳಿಸಿಕೊಳ್ಳಬೇಕು. ಬೇಸಗೆಯಂಥ ದಿನವಾದರೆ ನಡುವೆ ಮುಟ್ಟಿ ನೋಡಿ: ಹಿಟ್ಟು ಬೆಚ್ಚಗಾಗಿ ಮೇಲೆ ಎಣ್ಣೆ ಮಿನುಗಿದರೆ ನಾದುವುದು ನಿಲ್ಲಿಸಿ, 15 ನಿಮಿಷ ಫ್ರಿಜ್ಜಿನಲ್ಲಿಡಿ. 26 ಡಿಗ್ರಿ ಮೀರದಿರುವುದು ಒಳ್ಳೆಯದು.

ಮುಚ್ಚಿ 40 ನಿಮಿಷ ಬಿಡಿ. ಎರಡರಷ್ಟಾಗುತ್ತದೆ ಎಂದು ಕಾಯಬೇಡಿ, ಸ್ವಲ್ಪ ಉಬ್ಬಿದರೆ ಸಾಕು. ಈಗ ಹಿಟ್ಟನ್ನು ತಟ್ಟಿ ಹರಡಿ, ಹಣ್ಣು ಮತ್ತು ಬಾದಾಮಿ ಸುರಿದು, ಮಡಚಿ ಒತ್ತಿ, ಮಡಚಿ ಒತ್ತಿ ಸೇರಿಸಿ. ಹಣ್ಣು ಕೊನೆಗೆ ಸೇರಬೇಕು, ಅದೂ ಕೈಯಲ್ಲೇ. ಯಂತ್ರಕ್ಕೆ ಹಾಕಿದರೆ ದ್ರಾಕ್ಷಿ ಒಡೆದು ಹಿಟ್ಟು ಬೂದು ಬಣ್ಣಕ್ಕೆ ತಿರುಗುತ್ತದೆ, ರಸ ಹೊರಬಂದು ಜಿಗುಟಾಗುತ್ತದೆ. ಇನ್ನೂ 15 ನಿಮಿಷ ವಿಶ್ರಾಂತಿ.

ಆ ಆಕಾರ ತರುವುದು ಹೇಗೆ?

750 ಗ್ರಾಂನ ಒಂದು ಮುದ್ದೆಯನ್ನು ಸುಮಾರು 25 ಸೆಂಟಿಮೀಟರ್ ಉದ್ದ, 18 ಅಗಲದ ಅಂಡಾಕಾರಕ್ಕೆ ತಟ್ಟಿ. ಉದ್ದಕ್ಕೆ, ನಡುವಿಗಿಂತ ಸ್ವಲ್ಪ ಪಕ್ಕಕ್ಕೆ, ಲಟ್ಟಣಿಗೆಯಿಂದ ಒತ್ತಿ ಒಂದು ತಗ್ಗು ಮಾಡಿ. ಚಿಕ್ಕ ಭಾಗವನ್ನು ಅಗಲವಾದದ್ದರ ಮೇಲೆ ಮಡಚಿ. ಕೆಳಗಿನ ಅಂಚು ಎರಡು ಬೆರಳಷ್ಟು ಹೊರಗೆ ಕಾಣಬೇಕು. ಅಂಗೈಯ ಬದಿಯಿಂದ ಮಡಿಕೆಯ ಉದ್ದಕ್ಕೂ ಒತ್ತಿ ಕೂರಿಸಿ, ಇಲ್ಲದಿದ್ದರೆ ಬೇಯುವಾಗ ಬಿಚ್ಚಿಕೊಳ್ಳುತ್ತದೆ. ಉದ್ದ ದಿಂಡು ಮಾಡಿ ಮೇಲೆ ಒಂದು ಸೆಂಟಿಮೀಟರ್ ಆಳಕ್ಕೆ ಉದ್ದುದ್ದ ಸೀಳುವ ಕ್ರಮವೂ ಡ್ರೆಸ್ಡೆನ್‌ನಲ್ಲಿದೆ.

ಮೇಲ್ಮೈಯಲ್ಲಿ ಇಣುಕುವ ದ್ರಾಕ್ಷಿಗಳನ್ನೆಲ್ಲ ಕಿತ್ತು ಅಡಿಭಾಗಕ್ಕೆ ಒತ್ತಿ. ಹೊರಗಿದ್ದ ದ್ರಾಕ್ಷಿ ಬೆಂಕಿಗೆ ಬಲೂನಿನಂತೆ ಉಬ್ಬಿ, ಕಪ್ಪಾಗಿ, ಇದ್ದಿಲಿನ ಕಹಿ ಬಿಡುತ್ತದೆ. ಹಣ್ಣು ಬೆರೆಸುವ ಮುಂಚೆ 200 ಗ್ರಾಂ ಹಿಟ್ಟನ್ನು ತೆಗೆದಿಟ್ಟು, ತೆಳ್ಳಗೆ ಲಟ್ಟಿಸಿ, ಹೋಳಿಗೆಯ ಹೂರಣಕ್ಕೆ ಕಣಕ ಸುತ್ತುವಂತೆ ಸುತ್ತಿದರೆ ಈ ತಾಪತ್ರಯವೇ ಇರುವುದಿಲ್ಲ.

ರೂಪ ಕೊಟ್ಟ ಮೇಲೆ 20ರಿಂದ 30 ನಿಮಿಷ ಸಾಕು.

ಎಷ್ಟು ಶಾಖ, ಎಷ್ಟು ಹೊತ್ತು?

ಓವನ್ 200 ಡಿಗ್ರಿಗೆ ಕಾದಿರಲಿ. ಒಳಗಿಟ್ಟು ಹತ್ತು ನಿಮಿಷಕ್ಕೆ 170ಕ್ಕೆ ಇಳಿಸಿ. 750 ಗ್ರಾಂನದಕ್ಕೆ ಒಟ್ಟು 45ರಿಂದ 50 ನಿಮಿಷ, ಒಂದೂವರೆ ಕಿಲೊದ ಒಂದೇ ದಿಂಡಿಗೆ 65ರಿಂದ 75. ಮೊದಲ ಹತ್ತು ನಿಮಿಷದ ಹೆಚ್ಚು ಶಾಖ ಹೊರಪದರವನ್ನು ಗಟ್ಟಿ ಮಾಡಿ ಹರಡದಂತೆ ತಡೆಯುತ್ತದೆ. ಮನೆಯ ಸಣ್ಣ ವಿದ್ಯುತ್ ಓವನ್ನಿನಲ್ಲಿ (ಓಟಿಜಿ) ಮೇಲಿನ ಕಾಯಿಲ್ ತೀರಾ ಹತ್ತಿರ. ಕೆಳಗಿನ ಹಂತದಲ್ಲಿಟ್ಟು, ಬಣ್ಣ ಬಂದ ಕೂಡಲೇ ಫಾಯಿಲ್ ಹೊದಿಸಿ.

ಕಡ್ಡಿ ಚುಚ್ಚಿ ನೋಡುವುದು ಇಲ್ಲಿ ಮೋಸ ಮಾಡುತ್ತದೆ. ಬೆಣ್ಣೆಯಿಂದ ಕಡ್ಡಿ ಬೇಗನೇ ನುಣ್ಣಗೆ ಬರುತ್ತದೆ, ಒಳಗೆ ಇನ್ನೂ ಹಸಿಯಿರುತ್ತದೆ. ಅಡುಗೆ ಥರ್ಮಾಮೀಟರ್‌ನಲ್ಲಿ ನಡುಭಾಗ 92ರಿಂದ 95 ಡಿಗ್ರಿ ತೋರಿಸಬೇಕು.

ಬೆಂದ ಮೇಲೆ ತುಪ್ಪ, ಸಕ್ಕರೆ ಯಾವ ಕ್ರಮದಲ್ಲಿ?

ಓವನ್ನಿನಿಂದ ತೆಗೆದಾಗ ಶ್ಟೊಲೆನ್ ತುಂಬಾ ಮೆತ್ತಗಿರುತ್ತದೆ, ಎತ್ತಿದರೆ ನಡುವೆ ಮುರಿಯುತ್ತದೆ. ಟ್ರೇಯಲ್ಲೇ ಬಿಟ್ಟು, ಐದು ನಿಮಿಷದೊಳಗೆ ಬಿಸಿ ತುಪ್ಪವನ್ನು ಬ್ರಷ್‌ನಿಂದ ಧಾರಾಳವಾಗಿ ಸವರಿ. ಒಣಗಿದ ನೆಲಕ್ಕೆ ಮಳೆ ಬಿದ್ದಂತೆ ಹೀರಿಕೊಳ್ಳುತ್ತದೆ. ಹತ್ತು ನಿಮಿಷ ಬಿಟ್ಟು ಇನ್ನೊಮ್ಮೆ, ಆಮೇಲೆ ಮತ್ತೊಮ್ಮೆ. ಸ್ವಲ್ಪ ಗಟ್ಟಿಯಾದ ಮೇಲೆ ಜೋಪಾನವಾಗಿ ಹೊರಳಿಸಿ ಅಡಿಭಾಗಕ್ಕೂ ಸವರಿ. 120 ಗ್ರಾಂ ತುಪ್ಪವೂ ಖಾಲಿಯಾಗಬೇಕು. ಉಗುರುಬೆಚ್ಚಗೆ ಅಂಟಂಟಾಗಿರುವಾಗಲೇ ಹರಳು ಸಕ್ಕರೆ ಉದುರಿಸಿ. ಪುಡಿ ಸಕ್ಕರೆ ಮಾತ್ರ ಮರುದಿನ, ಪೂರ್ತಿ ತಣ್ಣಗಾದ ಮೇಲೆ. ಬಿಸಿಯ ಮೇಲೆ ಹಾಕಿದರೆ ಕರಗಿ ಬೂದು ಬಣ್ಣದ ಅಂಟಾಗುತ್ತದೆ.

ತುಪ್ಪ ಮತ್ತು ಸಕ್ಕರೆ ಸೇರಿ ಒಂದು ಚಿಪ್ಪು ಕಟ್ಟುತ್ತವೆ. ಅದು ಒಳಗಿನ ತೇವವನ್ನು ಹೊರಬಿಡುವುದಿಲ್ಲ. ಕ್ಯಾಲೊರಿ ಕಡಿಮೆ ಮಾಡಲು ಇದನ್ನು ಬಿಡುವವರಿದ್ದಾರೆ. ಬಿಡುವುದಾದರೆ ನಾಲ್ಕೈದು ದಿನದಲ್ಲಿ ತಿಂದು ಮುಗಿಸಬೇಕು.

ಎಷ್ಟು ದಿನ ಇಡಬೇಕು? ತಕ್ಷಣ ತಿನ್ನಬಾರದೇ?

ತಿನ್ನಬಹುದು, ಆದರೆ ಅದರ ರುಚಿ ಇನ್ನೂ ಬಂದಿರುವುದಿಲ್ಲ. ಮೊದಲ ದಿನ ಮಸಾಲೆ ಒಂದು ಕಡೆ, ಬೆಣ್ಣೆ ಒಂದು ಕಡೆ, ಬ್ರೆಡ್ ಒಣ ಒಣ. ಎರಡರಿಂದ ನಾಲ್ಕು ವಾರದಲ್ಲಿ ಹಣ್ಣಿನ ತೇವ ಬ್ರೆಡ್ಡಿಗಿಳಿದು ಎಲ್ಲವೂ ಬೆರೆಯುತ್ತದೆ, ಉಪ್ಪಿನಕಾಯಿ ಜಾಡಿಯಲ್ಲಿ ಕಳಿಯುವ ಹಾಗೆ. ಅದಕ್ಕೇ ನವೆಂಬರ್ ಕೊನೆಯಲ್ಲಿ ಮಾಡಿಡುತ್ತಾರೆ.

ಮೊದಲು ಬೆಣ್ಣೆ ಕಾಗದ, ಅದರ ಮೇಲೆ ಫಾಯಿಲ್, ಆಮೇಲೆ ತಗಡಿನ ಡಬ್ಬಿ. ಪೂರ್ತಿ ಆರದೆ ಸುತ್ತಿದರೆ ಬೆವರಿ ಬೂಷ್ಟು ಬರುವುದು ಖಂಡಿತ. ಜರ್ಮನ್ನರ ನೆಲಮಾಳಿಗೆಯಲ್ಲಿರುವ 10ರಿಂದ 15 ಡಿಗ್ರಿ ತಂಪು ನಮಗೆ ಸಿಗುವುದಿಲ್ಲ. ಬೆಂಗಳೂರು, ಮಡಿಕೇರಿಯ ಡಿಸೆಂಬರ್‌ನಲ್ಲಿ ತಂಪಾದ ಕಪಾಟಿನಲ್ಲಿ ಎರಡು ವಾರ ಇಡಬಹುದು. ಮಂಗಳೂರು, ಕಾರವಾರದ ಸೆಕೆಗೆ ಎರಡು ದಿನ ಹೊರಗಿಟ್ಟು, ಬಿಗಿಯಾಗಿ ಸುತ್ತಿ ಫ್ರಿಜ್ಜಿಗೆ ಹಾಕಿ. ಪುಡಿ ಸಕ್ಕರೆಯನ್ನು ಬಡಿಸುವ ದಿನ ಇನ್ನೊಮ್ಮೆ ಉದುರಿಸಿ, ತಿನ್ನುವ ಮೂರು ಗಂಟೆ ಮುಂಚೆ ಹೊರಗೆ ತೆಗೆಯಿರಿ. ಬೂಷ್ಟು ಕಂಡರೆ ಆ ಭಾಗವನ್ನಷ್ಟೇ ಕತ್ತರಿಸಿ ಉಳಿದದ್ದನ್ನು ತಿನ್ನಬೇಡಿ, ಪೂರ್ತಿ ಎಸೆಯಿರಿ.

ಚಪ್ಪಟೆಯಾಗಿ ಹರಡಿಬಿಟ್ಟಿತು. ಏಕೆ?

ಬೆಣ್ಣೆ ಕರಗಿತ್ತು, ಹಾಲು ಹೆಚ್ಚಾಯಿತು, ಅಥವಾ ಕೊನೆಯ ವಿಶ್ರಾಂತಿ ಉದ್ದವಾಯಿತು. ಮುಂದಿನ ಸಲ ಫಾಯಿಲ್ಲನ್ನು ಮೂರು ಮಡಿಕೆ ಮಾಡಿ ಪಟ್ಟಿಯಂತೆ ಸುತ್ತ ನಿಲ್ಲಿಸಿ. ಜರ್ಮನಿಯಲ್ಲಿ ಇದಕ್ಕೆಂದೇ ಮೇಲೆ ಕವುಚುವ ತಗಡಿನ ಅಚ್ಚು ಸಿಗುತ್ತದೆ.

ಉಬ್ಬಲೇ ಇಲ್ಲ, ಇಟ್ಟಿಗೆಯಂತಾಯಿತು.

ಹುದುಗಿನ ಮುದ್ದೆ ಉಬ್ಬಿತ್ತೇ? ಇಲ್ಲವಾದರೆ ಈಸ್ಟ್ ಹಳೆಯದು ಅಥವಾ ಹಾಲು ಬಿಸಿಯಾಗಿತ್ತು. ಉಬ್ಬಿದ್ದರೆ ಹೆಚ್ಚಾಗಿ ಸಕ್ಕರೆಯ ತಪ್ಪು. ಹಿಟ್ಟಿಗೆ 60 ಗ್ರಾಂ ಬದಲು 150 ಹಾಕಿದರೆ ಸಕ್ಕರೆ ಈಸ್ಟ್‌ನಿಂದಲೇ ನೀರು ಎಳೆದುಕೊಳ್ಳುತ್ತದೆ. ಸಿಹಿ ಹಣ್ಣಿನಲ್ಲಿ, ಮೇಲಿನ ಸಕ್ಕರೆಯಲ್ಲಿ ಬೇಕಾದಷ್ಟಿದೆ. ಹೇಗಿದ್ದರೂ ಇದು ಬನ್ನಿನಷ್ಟು ಉಬ್ಬುವುದಿಲ್ಲ.

ಹೋಳು ಮಾಡುವಾಗ ಪುಡಿಯಾಗುತ್ತದೆ.

ಮಾಡಿದ ದಿನವೇ ಕತ್ತರಿಸಿದರೆ ಹಾಗೇ. ಎರಡು ವಾರ ಕಳೆದ ಮೇಲೂ ಪುಡಿಯಾದರೆ ನಾದಿದ್ದು ಸಾಲದು, ಇಲ್ಲವೇ ದ್ರಾಕ್ಷಿ ನೆನೆದಿರಲಿಲ್ಲ.

ರಮ್ ಬಳಸುವುದಿಲ್ಲ, ಮೊಟ್ಟೆಯನ್ನೂ ತಿನ್ನುವುದಿಲ್ಲ. ಮಾಡಬಹುದೇ?

ಮೊಟ್ಟೆಯ ಚಿಂತೆ ಬೇಡ, ಡ್ರೆಸ್ಡೆನ್ ಮಾದರಿಯ ಈ ಅಳತೆಗೆ ಅದು ಬೇಕಿಲ್ಲ. ರಮ್ ಬದಲು ಕಿತ್ತಳೆ ಅಥವಾ ಸೇಬಿನ ರಸವನ್ನು ಒಂದು ಕುದಿ ಬರಿಸಿ, ಬಿಸಿಯಾಗಿಯೇ ದ್ರಾಕ್ಷಿಯ ಮೇಲೆ ಸುರಿದು, ಫ್ರಿಜ್ಜಿನಲ್ಲಿ ರಾತ್ರಿಯಿಡೀ ಬಿಡಿ. ಮದ್ಯದ ಕಾಪು ಇಲ್ಲದ್ದರಿಂದ ಫ್ರಿಜ್ಜಿನಲ್ಲಿಟ್ಟು ಹತ್ತು ಹನ್ನೆರಡು ದಿನದೊಳಗೆ ಮುಗಿಸಿ.

ಮಾರ್ಜಿಪಾನ್ ಸೇರಿಸುವುದು ಹೇಗೆ?

ಬಾದಾಮಿ ಮತ್ತು ಸಕ್ಕರೆ ಅರೆದ ಮಾರ್ಜಿಪಾನ್ 100 ಗ್ರಾಂ ತೆಗೆದು, ದಿಂಡಿಗಿಂತ ಸ್ವಲ್ಪ ಗಿಡ್ಡವಾದ ಕೋಲು ಹೊಸೆದು, ಲಟ್ಟಣಿಗೆಯ ತಗ್ಗಿನಲ್ಲಿಟ್ಟು ಮಡಚಿ. ತುದಿಗಳನ್ನು ಚೆನ್ನಾಗಿ ಮುಚ್ಚಿ, ಹೊರಬಂದರೆ ಸೀಯುತ್ತದೆ.

ಈಸ್ಟ್ ಇಲ್ಲದೆ, ಕಾಯದೆ ಮಾಡುವ ಬಗೆ ಇದೆಯೇ?

ಇದೆ, ಕ್ವಾರ್ಕ್ ಶ್ಟೊಲೆನ್. ಕ್ವಾರ್ಕ್ ಎಂದರೆ ಜರ್ಮನಿಯ ಮೆತ್ತನೆಯ ಹಸಿ ಚೀಸ್, ಬಟ್ಟೆಯಲ್ಲಿ ಕಟ್ಟಿ ನೀರಿಳಿಸಿದ ಗಟ್ಟಿ ಮೊಸರು ಅದಕ್ಕೆ ಹತ್ತಿರವಾದದ್ದು. ಮೈದಾ 500, ಗಟ್ಟಿ ಮೊಸರು 250, ಬೆಣ್ಣೆ 150, ಸಕ್ಕರೆ 130 ಗ್ರಾಂ, ಎರಡು ಮೊಟ್ಟೆ, ಬೇಕಿಂಗ್ ಪೌಡರ್ 15 ಗ್ರಾಂ, ಹಣ್ಣು ಮತ್ತು ಬೀಜ 300 ಗ್ರಾಂ. ನಾದದೆ ಕೂಡಿಸಿ, ರೂಪ ಕೊಟ್ಟು, ಕೂಡಲೇ 170 ಡಿಗ್ರಿಯಲ್ಲಿ 55 ನಿಮಿಷ ಬೇಯಿಸಿ. ಮರುದಿನದಿಂದಲೇ ರುಚಿ. ವಾರದೊಳಗೆ ತಿನ್ನಬೇಕು.

ಹುಟ್ಸೆಲ್‌ಬ್ರೋಟ್ ಎಂಬುದೂ ಇದೇ ತಾನೇ?

ಅಲ್ಲ. ಅದು ದಕ್ಷಿಣ ಜರ್ಮನಿಯ ಕಪ್ಪು ಹಣ್ಣಿನ ಬ್ರೆಡ್. ಒಣಗಿಸಿದ ಪಿಯರ್ ಹಣ್ಣು, ಅಂಜೂರ, ಅಕ್ರೋಟ್ ತುಂಬಿರುತ್ತದೆ, ಹಿಟ್ಟು ಅವನ್ನು ಅಂಟಿಸಲು ಬೇಕಾದಷ್ಟೇ. ಬೆಣ್ಣೆಯೂ ಇಲ್ಲ, ಮೇಲೆ ಬಿಳಿ ಸಕ್ಕರೆಯೂ ಇಲ್ಲ.

ಕತ್ತರಿಸುವುದಕ್ಕೂ ಕ್ರಮವಿದೆಯೇ?

ಇದೆ. ತುದಿಯಿಂದ ಅಲ್ಲ, ನಡುವಿನಿಂದ. ಹಲ್ಲಿರುವ ಚಾಕುವಿನಿಂದ ಮಧ್ಯಕ್ಕೆ ಕತ್ತರಿಸಿ, ಬೇಕಾದಷ್ಟು ಬೆರಳಗಲದ ಹೋಳು ತೆಗೆದು, ಉಳಿದ ಎರಡು ತುಂಡುಗಳನ್ನು ಮತ್ತೆ ಒಂದಕ್ಕೊಂದು ಒತ್ತಿ ಕೂಡಿಸಿ ಸುತ್ತಿಡಿ. ಹೀಗೆ ಮಾಡಿದರೆ ಕತ್ತರಿಸಿದ ಬದಿ ಗಾಳಿಗೆ ಒಣಗುವುದಿಲ್ಲ. ಜನವರಿಯ ಹೊತ್ತಿಗೆ ಉಳಿದ ತುಂಡು ಬಿರುಸಾಗಿದ್ದರೆ, ದಪ್ಪ ಹೋಳು ಮಾಡಿ, ಕಾವಲಿಯ ಮೇಲೆ ಸಣ್ಣ ಉರಿಯಲ್ಲಿ ಏನೂ ಸವರದೆ ಎರಡೂ ಬದಿ ಬಿಸಿ ಮಾಡಿ. ಒಳಗಿನ ಬೆಣ್ಣೆ ಕರಗಿ ಅಂಚು ಗರಿಗರಿಯಾಗುತ್ತದೆ, ಮೇಲಿನ ಸಕ್ಕರೆ ಕಂದಾಗುವ ಮುಂಚೆ ಇಳಿಸಿ.